ಆರಾಮ ಎನ್ನದ ಬರ್ಫ್ ಸರ್

ನಮ್ಮ ಧಾರವಾಡದಲ್ಲಿ ಒಬ್ಬರು ಇನ್ನೊಬ್ಬರನ್ನು "ಆರಾಮ ಇದ್ದೀರಿ?" ಎಂದು ಕೇಳುವುದು ಉತ್ತರಕ್ಕಾಗಿ ಅಲ್ಲ. ಕೇಳಿದವರು ಅಷ್ಟರಲ್ಲಿ ಮುಂದೆ ಹೋಗಿರುತ್ತಾರೆ. "ಆರಾಮ್ರೀ" ಎಂದು ಅವರ ಬೆನ್ನಿಗೆ ಹೇಳಿ ನಾವೂ ನಮ್ಮ ದಾರಿ ಹಿಡಿಯುತ್ತೇವೆ. ದವಾಖಾನೆಯಿಂದ ಬರುತ್ತಿರುವವರೂ ಆರಾಮ, ನಿನ್ನೆ ಮನೆಯಲ್ಲಿ ತಾಟು ಎಸೆದಾಡಿದವರೂ ಆರಾಮ.

ಸಪ್ತಾಪುರದ ನಮ್ಮ ಓಣಿಯಲ್ಲಿ ಈ ರೀತಿಗೆ ಒಗ್ಗದವರು ಒಬ್ಬರೇ. ನಮ್ಮ ಪಕ್ಕದ ಮನೆಯವರು. ಯಾರಾದರೂ ಹಾಗೆ ಕೇಳಿದರೆ ನಿಂತುಬಿಡುತ್ತಿದ್ದರು. ಕನ್ನಡಕ ತೆಗೆದು ಅಂಗಿಯ ಚುಂಗಿನಿಂದ ಒರೆಸುತ್ತ ವರದಿ ಒಪ್ಪಿಸುತ್ತಿದ್ದರು: "ಎಡಗಾಲಿನ ಮೊಣಕಾಲ ಸ್ವಲ್ಪ ಹಟಾ ಮಾಡಾಕತ್ತೈತಿ. ಹೊಟ್ಟಿ ಛಲೋ ಐತಿ. ಮನಸ್ಸ ಮಾತ್ರ ಮುಂಜಾನಿಂದ ಅಷ್ಟಕ್ಕಷ್ಟ." ಕೇಳಿದ ತಪ್ಪಿಗೆ ಸ್ಕೂಟಿಯ ಮೇಲಿನವರು ಒಂದು ಕಾಲು ನೆಲಕ್ಕೂರಿ ಪೂರಾ ಕೇಳಬೇಕಾಗುತ್ತಿತ್ತು. ಆರಾಮ ಎಂಬ ಮಾತು ಅವರ ಬಾಯಿಂದ ಬಂದದ್ದನ್ನು ನಾನು ಒಮ್ಮೆಯೂ ಕೇಳಿರಲಿಲ್ಲ. ಈ ವರ್ಷ ಕೇಳಿದೆ.

ಅವರು ಈ ಮಳೆಗಾಲದಲ್ಲಿ ಹೋದರು. ಹೆಸರು ಬರೆಯುವುದಿಲ್ಲ. ಬರೆದರೂ ಓಣಿಯವರಿಗೆ ಗುರುತು ಹತ್ತುವುದಿಲ್ಲ, ಎಲ್ಲರಿಗೂ ಅವರು ಬರ್ಫ್ ಸರ್. ಊರಿನ ಹಳೆಯ ಮಿಷನ್ ಚರ್ಚಿನ ಮನೆತನದವರು, ಕಾಲೇಜಿನಲ್ಲಿ ಫಿಜಿಕ್ಸ್ ಕಲಿಸಿ ನಿವೃತ್ತರಾದವರು. ಅದಕ್ಕೂ ಮೊದಲು, ಮೀಸೆ ಕಪ್ಪಿದ್ದ ಕಾಲಕ್ಕೆ, ಹವಾಮಾನ ನೋಡುವ ಕೆಲಸಕ್ಕೆಂದು ಅಂಟಾರ್ಕ್ಟಿಕಕ್ಕೆ ಹೋಗಿ, ನಮ್ಮ ದೇಶ ಅಲ್ಲಿ ಕಟ್ಟಿದ ಮೊದಲ ಸಂಶೋಧನಾ ನಿಲ್ದಾಣದಲ್ಲಿ ಒಂದು ಪೂರ್ತಿ ಚಳಿಗಾಲ ಕಳೆದು ಬಂದಿದ್ದರು. ಬರ್ಫವನ್ನು ಕುಲ್ಫಿ ಗಾಡಿಯಲ್ಲಷ್ಟೇ ಕಂಡ ಊರಿನವರು ಅಂಥವರಿಗೆ ಹೆಸರಿಡದೆ ಬಿಡುತ್ತಾರೆಯೇ?

ನನ್ನ ತವರಿನವರು ಅಮರಗೋಳದ ಕಾಳಿನ ವ್ಯಾಪಾರದವರು. ಚೀಲದಿಂದ ಒಂದು ಹಿಡಿ ಕಾಳು ತೆಗೆದು ಅಂಗೈಯಲ್ಲಿ ಆಡಿಸಿ ಮಾಲು ಎಂಥದ್ದೆಂದು ಹೇಳುವ ಜನ. ಮನುಷ್ಯರನ್ನೂ ನಾನು ಹಾಗೇ ಅಂಗೈಗೆ ಸುರುವಿಕೊಂಡು ನೋಡುತ್ತ ಬಂದವಳು. ಇವರನ್ನು ಮೊದಲು ಕಂಡಾಗ "ಅರ್ಧಾ ತಲಿ ಕೆಟ್ಟೈತಿ" ಎಂದು ನಮ್ಮ ಯಜಮಾನರ ಮುಂದೆ ತೀರ್ಪು ಕೊಟ್ಟಿದ್ದೆ. ಇನ್ನರ್ಧ ಎಷ್ಟು ನೆಟ್ಟಗಿತ್ತೆಂದು ತಿಳಿಯಲು ವರ್ಷಗಳೇ ಬೇಕಾದವು. ನಾನು ಹೈಸ್ಕೂಲಿನಲ್ಲಿ ಕನ್ನಡ ಕಲಿಸಿದವಳು. ನಮ್ಮ ಕಡೆ ಹೆಣ್ಣು ಮಾಸ್ತರಿಗೆ ಅಕ್ಕೋರು ಎನ್ನುತ್ತಾರೆ, ಓಣಿಗೆಲ್ಲ ನಾನು ಅಕ್ಕೋರು. ಅವರೊಬ್ಬರು ಮಾತ್ರ ಟೀಚರ್ ಎನ್ನುತ್ತಿದ್ದರು. ಅದಕ್ಕೂ ಒಂದು ಕಾರಣವಿತ್ತು, ನನಗೆ ಬಹಳ ಕಾಲದ ಮೇಲೆ ತಿಳಿದದ್ದು.

ನಮ್ಮ ಮಾಳಿಗೆಯ ಖೋಲಿಗಳಲ್ಲಿ ಯಾವಾಗಲೂ ಸ್ಪರ್ಧಾತ್ಮಕ ಪರೀಕ್ಷೆಗೆ ಓದುವವರಿರುತ್ತಾರೆ. ಒಮ್ಮೆ ಒಬ್ಬ ಹುಡುಗಿ ಕಟ್ಟೆಯ ಮೇಲೆ ಕುಳಿತಿದ್ದ ಅವರನ್ನು ಕೇಳಿದಳು: "ಸರ್, ಅಂಟಾರ್ಕ್ಟಿಕದಾಗ ನಮ್ಮ ಮೊದಲನೇ ಸ್ಟೇಷನ್ ಯಾವುದ್ರೀ? ನಾಕ ಆಪ್ಶನ್ ಅದಾವ."

"ಕುಂದರವಾ" ಎಂದರು. ಪಾಪ, ಕುಂತಳು.

"ಮೊದಲ ಹೋದವರು ಕಟ್ಟಿಗಿ ಗುಡಿಸಲಾ ಕಟ್ಟಿದ್ರು. ಆ ಮಂದಿ ಸತ್ತು ಎಷ್ಟೋ ಕಾಲ ಆತು, ಗುಡಿಸಲದಾಗಿನ ಡಬ್ಬಿ, ಬೂಟು ಹಂಗಽ ಅದಾವ. ಅಲ್ಲೆ ಯಾವುದೂ ಲಗೂ ಕೊಳಿಯೂದಿಲ್ಲವಾ. ಆಮ್ಯಾಲೆ ದೇಶದೇಶದವರು ಸ್ಟೇಷನ್ ಕಟ್ಟಾಕ ಹತ್ತಿದ್ರು. ಬರ್ಫದ ಮ್ಯಾಲೆ ಕಟ್ಟಿದ್ದು ಬರ್ಫದಾಗಽ ಮುಳಗೂದು. ಒಂದು ದೇಶದವರು ಮುಳುಗಿದ್ದರ ನೆತ್ತಿ ಮ್ಯಾಲೆ ಇನ್ನೊಂದು ಕಟ್ಟಿದ್ರು, ಅದೂ ಮುಳುಗಿತು. ಮತ್ತೊಂದು ಕಟ್ಟಿದ್ರು. ಕಡೀಕ ಬುದ್ಧಿ ಬಂದು ಮನಿಗೆ ಕಾಲ ಹಚ್ಚಿ, ಕಾಲಿಗೆ ಜಾರೂ ಹಲಗಿ ಹಚ್ಚಿದ್ರು. ಈಗ ಬೇಕಾದಲ್ಲೆ ಎಳಕೊಂಡು ಹೊಕ್ಕಾರ. ನಮ್ಮದೂ ಬರ್ಫದ ಮ್ಯಾಲೇ ಇತ್ತು. ನಾ ಇದ್ದಾಗಽ ಮುಳಗಾಕ ಹತ್ತಿತ್ತು. ಮ್ಯಾಲಿನ ಕಿಂಡಿಯಿಂದ ನಿಚ್ಚಣಿಕಿ ಇಳದು ಒಳಗ ಹೋಗತಿದ್ವಿ, ಜ್ವಾಳ ತಗಿಯಾಕ ಹಗೇದಾಗ ಇಳದಂಗ. ಮುಂದ ಅದನ್ನ ಬಿಟ್ಟು ಕಲ್ಲಿನ ನೆಲದ ಮ್ಯಾಲೆ ಬ್ಯಾರೆ ಕಟ್ಟಿದ್ರು. ನಮ್ಮ ಹಳೇ ಮನಿ ಅಲ್ಲೇ ಹುಗದು ಹೋತು. ಆದ್ರ ಬರ್ಫ ಸುಮ್ನ ಕುಂದ್ರೂದಿಲ್ಲ, ಸಮುದ್ರದ ಕಡೆ ಸರೀತಿರತೈತಿ. ಅದರ ಜೋಡಿ ನಮ್ಮ ಮನೀನೂ ಹೊಂಟೈತಿ."

ಊಟದ ಹೊತ್ತು ಮೀರಿದ ಮೇಲೆ ಹುಡುಗಿ ಮೆಲ್ಲಗೆ "ಹಂಗಾರ ಸರ್, ಎ ಅನ್ನೂದೋ ಬಿ ಅನ್ನೂದೋ?" ಎಂದಳು. ನಾನು ಒಳಗಿನಿಂದ ನಕ್ಕದ್ದು ಅವರಿಗೆ ಕೇಳಿ ಆ ದಿನ ಸಂಜೆಯವರೆಗೆ ಮಾತು ಬಿಟ್ಟಿದ್ದರು.

ನನ್ನ ಕಣ್ಣಿನ ಪೊರೆ ತೆಗೆಸಿದಾಗಿನದು ಇನ್ನೊಂದು ಕಥೆ. ಎದ್ದು ಹೊರಗೆ ಬಂದರೆ ನಮ್ಮ ಹಿತ್ತಲ ಬಾಗಿಲಿನಿಂದ ಅವರ ಅಡುಗೆಮನೆಯ ಬಾಗಿಲಿಗೆ ನೈಲಾನ್ ಹಗ್ಗ ಬಿಗಿದಿದ್ದರು. ಅಂಟಾರ್ಕ್ಟಿಕದಲ್ಲಿ ಹಿಮಗಾಳಿ ಎದ್ದಾಗ ಚಾಚಿದ ಕೈ ತನಗೇ ಕಾಣುವುದಿಲ್ಲವಂತೆ. ಒಂದು ಮನೆಯಿಂದ ಇನ್ನೊಂದಕ್ಕೆ ಹಗ್ಗ ಕಟ್ಟಿರುತ್ತಾರಂತೆ, ಅದನ್ನು ಬಿಟ್ಟವ ಹೋದಂತೆಯೇ. "ಹಗ್ಗಾ ಹಿಡಕೊಂಡು ಬರ್ರಿ ಟೀಚರ್, ಚಾ ಕುಡದು ಹಗ್ಗಾ ಹಿಡಕೊಂಡು ಹೋಗ್ರಿ." ನನಗೆ ಒಂದು ಕಣ್ಣು ಚೆನ್ನಾಗಿಯೇ ಕಾಣುತ್ತಿತ್ತು. ಹಾಗೆಂದು ಹೇಳಿದರೆ ಅವರ ಮುಖ ಸಣ್ಣದಾಗುತ್ತದೆಂದು ಹಗ್ಗ ಹಿಡಿದೇ ಹೋಗುತ್ತಿದ್ದೆ. ಅವರ ಹೆಂಡತಿ, ನನ್ನ ಗೆಳತಿ, ಆಗ ಇದ್ದಳು. ಬಾಗಿಲಲ್ಲಿ ನಿಂತು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಳು. ಅವಳು ತೀರಿಕೊಂಡ ಮೇಲೂ ಯಾರೂ ಆ ಹಗ್ಗ ಬಿಚ್ಚಲಿಲ್ಲ. ನಾನು ಅದರ ಮೇಲೆ ಬಟ್ಟೆ ಒಣಹಾಕುತ್ತೇನೆ.

ಅಂಗಳದಲ್ಲಿ ಅವರದೊಂದು ಮಳೆಮಾಪಕವಿತ್ತು. ತಗಡಿನ ಡಬ್ಬಿ, ಒಳಗೆ ಗಾಜಿನ ಕೊಳವೆ. ದಿನಾ ಮುಂಜಾನೆ ಚಹಾಕ್ಕೆ ಮೊದಲು ಹೋಗಿ ಮಳೆ ಎಷ್ಟು, ಗಾಳಿ ಯಾವ ದಿಕ್ಕಿನದು, ಮೋಡ ಎಂಥದ್ದು ಎಂದು ನೋಡಬೇಕು. ಬೇಸಿಗೆಯಲ್ಲಿ ಡಬ್ಬಿ ಒಣಗಿ ಜೇಡ ಬಲೆ ಕಟ್ಟಿದ್ದರೂ ನೋಡುತ್ತಿದ್ದರು. "ಏನೂ ಇಲ್ಲ ಅನ್ನೂದೂ ಒಂದು ಸುದ್ದಿ, ಟೀಚರ್. ನೋಡಲಾರದಽ ಇಲ್ಲ ಅಂದ್ರ ಅದು ಸುಳ್ಳ." ಹೆಂಡತಿಯನ್ನು ಮಣ್ಣು ಮಾಡಿ ಬಂದ ಮರುದಿನವೂ ನೋಡಿದರು.

ಜೂನ್ ತಿಂಗಳ ನಡು ದಾಟಿದ ಮೇಲೆ ಅವರ ಮನೆಯಲ್ಲಿ ಒಂದು ಹಬ್ಬ. ಯಾವ ಪಂಚಾಂಗದಲ್ಲೂ ಇಲ್ಲದ್ದು. ಇಲ್ಲಿ ಹಗಲು ದೊಡ್ಡದಾಗಿರುವ ದಿನವೇ ಅಲ್ಲಿ ಕತ್ತಲೆಯ ನಡುಮಧ್ಯವಂತೆ. ಅವತ್ತು ಎಲ್ಲ ದೇಶದ ನಿಲ್ದಾಣದವರೂ ಒಬ್ಬರಿಗೊಬ್ಬರು ಶುಭಾಶಯ ಕಳಿಸಿ ಹಬ್ಬದೂಟ ಮಾಡುತ್ತಾರಂತೆ. ಅರ್ಧ ಕತ್ತಲೆ ಕಳೆಯಿತು, ಇನ್ನರ್ಧವೂ ಕಳೆಯುತ್ತದೆ ಎಂದು. ಓಣಿಯವರನ್ನೆಲ್ಲ ಕರೆದು ಶೇಂಗಾ ಹೋಳಿಗೆ ಹಾಕುತ್ತಿದ್ದರು. ಹೋಳಿಗೆ ಮಾಡುವ ಕೆಲಸ ಗೆಳತಿ ಹೋದ ಮೇಲೆ ನನಗೆ ಬಿತ್ತು. ಯಾಕೆ ಹೋಳಿಗೆಯೇ ಆಗಬೇಕೆಂದು ನಾನು ಕೇಳಿರಲಿಲ್ಲ.

ಅದು ತಿಳಿದದ್ದು ಅವರ ಮಗಳಿಂದಾಗಿ. ಒಬ್ಬಳೇ ಮಗಳು, ಅಪ್ಪನ ಪಡಿಯಚ್ಚು, ನನ್ನನ್ನು ಚಿಕ್ಕಮ್ಮನೆಂಬಂತೆ ಕಾಕೂ ಎನ್ನುವವಳು. ಅವಳೂ ಹವಾಮಾನವನ್ನೇ ಓದಿದಳು. ಹೋದ ವರ್ಷ ಅವಳನ್ನು ಅಂಟಾರ್ಕ್ಟಿಕಕ್ಕೆ ಚಳಿಗಾಲ ಪೂರ್ತಿ ಉಳಿಯಲು ಆರಿಸಿದರು. ಸುದ್ದಿ ಬಂದ ಮಧ್ಯಾಹ್ನ ಸರ್ ನಮ್ಮ ಕಟ್ಟೆಗೆ ಬಂದು ನನ್ನ ಮೊರದಲ್ಲಿದ್ದ ಶೇಂಗಾ ಬಿಡಿಸುತ್ತ ಕುಳಿತರು. ಬೀಜ ಹೊರಗೆ ಎಸೆದು ಸಿಪ್ಪೆ ಮೊರದಲ್ಲಿ ಹಾಕುತ್ತಿದ್ದುದನ್ನು ನೋಡಿ ಏನೋ ಆಗಿದೆ ಎಂದುಕೊಂಡೆ. ಆಗ ಹೇಳಿದರು.

ಆ ಕಾಲಕ್ಕೆ ಅವರು ಅಂಟಾರ್ಕ್ಟಿಕಕ್ಕೆ ಹೊರಡುವಾಗ ತಂಡದ ಮುಖ್ಯಸ್ಥರು ಒಬ್ಬೊಬ್ಬರನ್ನೇ ಕರೆದು ಕೇಳಿದ್ದರಂತೆ: ಮನೆಯಲ್ಲಿ ಕೆಟ್ಟದ್ದೇನಾದರೂ ಆದರೆ ನಿಮಗೆ ತಿಳಿಸಬೇಕೋ ಬೇಡವೋ? ಚಳಿಗಾಲ ಬಿದ್ದರೆ ಹಡಗು ಬರುವುದಿಲ್ಲ, ತಿಳಿದರೂ ಹೊರಡುವಂತಿಲ್ಲ. ಹುಡುಗುತನದ ಧೈರ್ಯದಲ್ಲಿ ಇವರು "ಬ್ಯಾಡ" ಎಂದುಬಿಟ್ಟರು. ಇತ್ತ ಕತ್ತಲೆಯ ತಿಂಗಳಲ್ಲಿ ತಾಯಿ ತೀರಿಹೋದರು. ಹುಬ್ಬಳ್ಳಿಯಲ್ಲಿದ್ದ ಇವರ ಅಕ್ಕ, ಇವರೇ ಹೇಳಿ ಹೋದ ಮಾತಿನಂತೆ, ರೇಡಿಯೋದಲ್ಲಿ ಹೋಗುವ ಎರಡು ಸಾಲಿನ ಸಂದೇಶದಲ್ಲಿ ಪ್ರತಿಸಲವೂ ಒಂದೇ ಸುದ್ದಿ ಕಳಿಸಿದರು. ಅವ್ವ ಆರಾಮ ಅದಾಳ.

"ಅಲ್ಲೆ ಎಲ್ಲಾರಿಗೂ ಗೊತ್ತಿತ್ತ್ರೀ ಟೀಚರ್. ರೇಡಿಯೋದವಗ ಖರೆ ಸುದ್ದಿ ಬ್ಯಾರೆ ಬಂದಿತ್ತು, ಡಾಕ್ಟರಿಗೆ ಗೊತ್ತಿತ್ತು. ನಡೂ ಚಳಿಗಾಲದ ಹಬ್ಬದಾಗ ನಾ ಎದ್ದು ನಿಂತು, ಊರಿಗೆ ಹೋದ್ಮ್ಯಾಲೆ ನಮ್ಮವ್ವನ ಕೈಲೆ ಎಲ್ಲಾರಿಗೂ ಶೇಂಗಾ ಹೋಳಿಗಿ ಮಾಡಿಸತೇನಿ ಅಂದೆ. ಒಬ್ಬರೂ ತಲಿ ಎತ್ತಲಿಲ್ಲ. ಸುಮ್ನ ಉಂಡ್ರು. ನನ್ನ ತಾಟಿಗೆ ಇನ್ನೊಂದ ತುತ್ತ ಹೆಚ್ಚಿಗಿ ಹಾಕಿದ್ರು. ಇವರು ಭಾಳ ಛಲೋ ಮಂದಿ ಅಂತ ನಾ ತಿಳಕೊಂಡೆ."

ಹಡಗು ಬಂದ ದಿನ ಮುಖ್ಯಸ್ಥರು ಬದಿಗೆ ಕರೆದು ಹೇಳಿದರಂತೆ. ಅವ್ವನಿಗೆಂದು ಅಲ್ಲಿಯ ಗುಡ್ಡದಿಂದ ಒಂದು ಕರಿ ಕಲ್ಲು ಆಯ್ದಿಟ್ಟಿದ್ದರು. ಅದನ್ನು ಧಾರವಾಡಕ್ಕೆ ತಂದು, ಆಗಲೇ ಹುಲ್ಲು ಬೆಳೆದಿದ್ದ ಗೋರಿಯ ಮೇಲಿಟ್ಟರು. "ಅವ್ವನ ಮಣ್ಣಿಗೆ ನಾ ಇರಲಿಲ್ಲ. ಒಂದ ಹಿಡಿ ಹಾಕಲಿಲ್ಲ" ಎಂದರು. ಅಕ್ಕನ ಜೊತೆ ಅವರು ಮುಂದೆ ಮಾತಾಡಲಿಲ್ಲ. ಅಕ್ಕ ಸತ್ತಾಗ ಹೋದರು, ಸ್ಮಶಾನದ ಗೇಟಿನ ಹೊರಗೆ ನಿಂತು ಬಂದರು. ಅವರು ನನ್ನನ್ನು ಯಾಕೆ ಅಕ್ಕೋರು ಎನ್ನುವುದಿಲ್ಲವೆಂದು ಅವತ್ತು ಗೊತ್ತಾಯಿತು. ಆ ಶಬ್ದ ಅವರ ನಾಲಗೆಗೆ ಬರುತ್ತಿರಲಿಲ್ಲ.

ಮಗಳನ್ನು ಕಳಿಸುವ ದಿನ ನನ್ನನ್ನು ಸಾಕ್ಷಿಗೆ ನಿಲ್ಲಿಸಿಕೊಂಡು ಅವಳಿಗೆ ಅದೇ ಪ್ರಶ್ನೆ ಕೇಳಿದರು.

"ಮಗಳ, ಹೇಳೂದೋ, ಹೇಳಬಾರದೋ?"

"ಎಲ್ಲಾ ಹೇಳಬೇಕು ಪಪ್ಪಾ. ಏನ ಆದ್ರೂ."

"ಹೇಳತೇನಿ. ನನ್ನಾಣಿ" ಎಂದರು. ಅವರ ಮುಖದಲ್ಲಿ ಏನೋ ಒಂದು ಹಳೆಯ ಗಾಯ ಮಾಯ್ದಂತೆ ಕಂಡಿತು ನನಗೆ.

ಈಗಿನ ನಿಲ್ದಾಣಗಳಲ್ಲಿ ಇಂಟರ್‌ನೆಟ್ ಇದೆ, ಫೋನಿದೆ. ದಿನಾ ಮುಂಜಾನೆ ಮಳೆಮಾಪಕ ನೋಡಿ ಧಾರವಾಡದ ಹವಾ ವರದಿಯನ್ನು ಮಗಳ ಮೊಬೈಲಿಗೆ ಕಳಿಸುತ್ತಿದ್ದರು. ಅವಳು ಅಲ್ಲಿಯದನ್ನು ಕಳಿಸುತ್ತಿದ್ದಳು. ಮೈನಸ್ ಇಷ್ಟು, ಗಾಳಿ ಅಷ್ಟು. ಅಪ್ಪ ಮಗಳ ಪ್ರೀತಿಯ ಮಾತೆಲ್ಲ ಅಂಕಿಯಲ್ಲೇ. ಅವರು ಅದನ್ನು ನನಗೆ ಓದಿ ಹೇಳುವಾಗ ನಾನು "ಇದೇನ ಪ್ರೀತೀನೋ, ಭೂಗೋಳದ ಪಾಠಾನೋ?" ಎಂದು ಕಾಡಿಸುತ್ತಿದ್ದೆ.

ಏಪ್ರಿಲಿನಲ್ಲಿ ಹೊಟ್ಟೆ ನೋವೆಂದು ಹುಬ್ಬಳ್ಳಿಯ ದೊಡ್ಡ ದವಾಖಾನೆಗೆ ಹೋದೆವು. ಡಾಕ್ಟರು ನನ್ನನ್ನು ಅವರ ತಂಗಿ ಎಂದುಕೊಂಡು ಎಲ್ಲವನ್ನೂ ಇಬ್ಬರ ಎದುರೇ ಹೇಳಿದರು. ಕ್ಯಾನ್ಸರು ಯಕೃತ್ತಿಗೂ ಹಬ್ಬಿತ್ತು. ಮಾಡುವಂಥದ್ದೇನೂ ಉಳಿದಿರಲಿಲ್ಲ. ವಾಪಸು ಬರುವಾಗ ಬಸ್ಸಿನಲ್ಲಿ ಕಿಟಕಿಯ ಕಡೆ ನೋಡುತ್ತ ಅವರೆಂದರು: "ಆಕಿಗೆ ಹೇಳಬಾರದು."

ನನಗೆ ಸಿಟ್ಟು ನೆತ್ತಿಗೇರಿತು. ಬಸ್ಸಿನಲ್ಲಿ ಜನ ಇದ್ದಾರೆಂಬುದನ್ನೂ ನೋಡಲಿಲ್ಲ. "ಏನಂದ್ರಿ? ನಿಮಗಾದದ್ದು ಮರತೀರೇನು? ಕೂಸಿಗೆ ಆಣಿ ಮಾಡಿ ಕಳಿಸೀರಿ!"

"ಮರತಿಲ್ಲ. ಹೇಳಿದ್ರ ಆಕಿ ಏನ ಮಾಡತಾಳ್ರಿ? ವಿಮಾನಿಲ್ಲ, ಹಡಗಿಲ್ಲ. ಕತ್ತಲಿ. ನಾಕ ಗ್ವಾಡಿ ನಡುವ ನನ್ನ ಸಾವ ಕಾಯ್ಕೊಂತ ಕುಂದರಬೇಕು. ನನಗ ಹಂಗ ಕುಂದರೂದ ತಪ್ಪಿತ್ತು. ನನ್ನ ಒಡಹುಟ್ಟಿದಾಕಿ ತಪ್ಪಿಸಿದ್ಲು." ಕಿಟಕಿಯಿಂದ ನನ್ನ ಕಡೆ ತಿರುಗಿ, "ಆಕಿ ಪ್ರತಿ ಸಲಾ ಆ ಎರಡ ಸಾಲ ಬರೀವಾಗ ಎಷ್ಟ ಅತ್ತಿರಬೇಕ್ರಿ, ಟೀಚರ್" ಎಂದರು. ನವಲೂರು ದಾಟುವವರೆಗೆ ಅವರ ಕಣ್ಣು ಒಣಗಲಿಲ್ಲ. ನನ್ನ ಸಿಟ್ಟು ಎಲ್ಲಿ ಹೋಯಿತೋ ತಿಳಿಯದು.

ಜೂನಿನ ಹಬ್ಬಕ್ಕೆ ಓಣಿಯವರನ್ನು ಕರೆಯಲಿಲ್ಲ. ನಾನು ಹೋಳಿಗೆ ಮಾಡಿದೆ, ಅವರು ಚೂರು ಮುರಿದು ನಾಲಗೆಯ ಮೇಲಿಟ್ಟುಕೊಂಡರು. ಮಗಳು ವಿಡಿಯೋ ಕರೆ ಮಾಡುವ ಹೊತ್ತಿಗೆ ಗಡ್ಡ ಹೆರೆದು, ಮೈ ಇಳಿದದ್ದು ಕಾಣದಿರಲೆಂದು ಒಂದರ ಮೇಲೊಂದು ಎರಡು ಸ್ವೆಟರು ಹಾಕಿಸಿಕೊಂಡಿದ್ದರು. ತೆರೆಯ ಮೇಲೆ ಅವಳ ಹಿಂದೆ ಬಣ್ಣದ ಕಾಗದ ಕಟ್ಟಿದ ಊಟದ ಮನೆ, ನಗುವ ಜನ.

"ಹಬ್ಬದ ಶುಭಾಶಯ ಪಪ್ಪಾ! ಹೆಂಗದೀರಿ?"

ನಾನು ಒಲೆಯ ಹತ್ತಿರ ನಿಂತಿದ್ದೆ. ಮೊಣಕಾಲಿನಿಂದ ಶುರುಮಾಡುತ್ತಾರೆಂದು ಕಾದೆ.

"ಆರಾಮ ಅದೇನಿ, ಮಗಳ" ಎಂದರು.

ನನ್ನ ಕೈಯ ಹೋಳಿಗೆ ತಿರುವುವ ಚಮಚ ಕೆಳಗೆ ಬಿತ್ತು. ಆಚೆ ಅವಳು ಒಂದು ಗಳಿಗೆ ಮಾತಾಡಲಿಲ್ಲ. ಆಮೇಲೆ, "ಛಲೋ ಆತು ಬಿಡ್ರಿ. ನಾನೂ ಆರಾಮ ಅದೇನಿ" ಎಂದಳು. ನೆಟ್‌ವರ್ಕ್ ನಿಧಾನವೆಂದು ನಾನು ಅಂದುಕೊಂಡೆ.

ಅದಾದ ಮೇಲೆ ಅವರು ಹಾಸಿಗೆ ಬಿಟ್ಟು ಏಳಲಿಲ್ಲ. ಮುಂಜಾನೆ ಮಳೆಮಾಪಕ ನೋಡುವ ಕೆಲಸ ನನ್ನದಾಯಿತು. ನಾನು ಬಂದು ಹೇಳುವುದು, ಅವರು ಮಲಗಿದಲ್ಲೇ ಒತ್ತಿ ಕಳಿಸುವುದು. ಒಂದು ದಿನ ಕಳಿಸಿಯಾದ ಮೇಲೆ ಮೊಬೈಲನ್ನು ನನ್ನ ಅಂಗೈಯಲ್ಲಿಟ್ಟು ಬೆರಳು ಮುಚ್ಚಿದರು.

"ನಾ ಹೋದ ಮ್ಯಾಲೂ ದಿನಾ ಕಳಸ್ರಿ. ನಾನಽ ಕಳಿಸಿದಂಗ. ಅಲ್ಲೆ ಬೆಳಕ ಬಂದು ವಿಮಾನ ಇಳಿಯೂ ತನಕಾ. ಮಳಿ ಎಷ್ಟ, ಗಾಳಿ ಎಷ್ಟ, ಅಷ್ಟಽ. ಸುಳ್ಳ ಏನೂ ಬರೀಬ್ಯಾಡ್ರಿ."

ನಾನು ಆಗದೆಂದು ತಲೆಯಾಡಿಸಿದೆ.

"ನಿಮ್ಮ ಕಾಲ ಬೀಳತೇನಿ, ಅಕ್ಕಾ" ಎಂದರು.

ಅಷ್ಟು ವರ್ಷ ಬಾರದ ಶಬ್ದ. ನಾನು ಹೂಂ ಎಂದೆ. ಎನ್ನದೆ ಏನು ಮಾಡಲಿ?

ಜುಲೈಯ ಒಂದು ನಸುಕಿನಲ್ಲಿ, ಜಡಿಮಳೆ ಹಿಡಿದಿತ್ತು, ಅವರು ಹೋದರು. ಚರ್ಚಿನವರು ಬಂದರು, ಸಭಾಪಾಲಕರು ಪ್ರಾರ್ಥನೆ ಮಾಡಿದರು, ಮಧ್ಯಾಹ್ನಕ್ಕೆ ಮಣ್ಣು ಎಂದು ನಿಶ್ಚಯವಾಯಿತು. ಮಗಳಿಗೆ ಏನು ಮಾಡುವುದೆಂದು ಎಲ್ಲರೂ ನನ್ನ ಮುಖ ನೋಡಿದರು. ನಾನು ಸೆರಗು ತಲೆಯ ಮೇಲೆಳೆದುಕೊಂಡು ಅಂಗಳಕ್ಕೆ ಹೋದೆ. ಡಬ್ಬಿ ಎತ್ತಿದೆ. ಕೊಳವೆಯಲ್ಲಿ ನೀರು ಎಲ್ಲಿಗೆ ನಿಂತಿದೆ ಎಂದು ನೋಡಿದೆ. ಅವರ ಮೊಬೈಲು ತೆಗೆದು ಮಳೆಯ ಅಂಕಿ ಬರೆದೆ, ಗಾಳಿಯ ದಿಕ್ಕು ಬರೆದೆ. ಬರೆದದ್ದರಲ್ಲಿ ಒಂದಕ್ಷರವೂ ಸುಳ್ಳಿರಲಿಲ್ಲ. ಕಳಿಸಲು ಬೆರಳಿಟ್ಟರೆ ಕಣ್ಣ ಮುಂದೆ ಆ ಹುಡುಗಿ ಹಬ್ಬದೂಟದ ಮೇಜಿನಲ್ಲಿ ಎದ್ದು ನಿಂತು ಪಪ್ಪನ ಬಗ್ಗೆ ಹೇಳುತ್ತಿರುವಂತೆಯೂ ಸುತ್ತಲಿನವರು ತಲೆ ತಗ್ಗಿಸಿ ಉಣ್ಣುತ್ತಿರುವಂತೆಯೂ ಕಂಡಿತು. ಬರೆದದ್ದನ್ನೆಲ್ಲ ಅಳಿಸಿದೆ. ಸತ್ತವರಿಗೆ ಕೊಟ್ಟ ಮಾತು ಮುರಿದೆ. ಅದಕ್ಕೆ ಆ ದೇವರು ಬೇಕಾದ ಶಿಕ್ಷೆ ಕೊಡಲಿ.

ಹೇಗೆ ಹೇಳುವುದೆಂದು ತಿಳಿಯದೆ ಕಟ್ಟೆಯ ಮೇಲೆ ಕುಳಿತಿದ್ದಾಗ ನನ್ನ ಫೋನೇ ರಿಂಗಾಯಿತು. ಅವಳೇ.

"ಕಾಕೂ, ಪಪ್ಪಾ ಹೋದ್ರಲ್ಲ?"

ಹೂಂ ಎಂದೆ. ಅವಳೇ ಮುಂದುವರಿಸಿದಳು.

"ಹಬ್ಬದ ದಿನ ಆರಾಮ ಅಂದ್ರಲ್ಲ, ಅವತ್ತಽ ಗೊತ್ತಾತು ನನಗ. ಕೇಳಿದ್ರ ಅವರು ಇನ್ನೂ ಕುಗ್ಗತಿದ್ರು, ಅದಕ್ಕ ಕೇಳಲಿಲ್ಲ. ದಿನಾ ಮುಂಜಾನೆ ಮಳಿ ಲೆಕ್ಕ ಬರತಿತ್ತು. ಬಂದ ಕೂಡಲೆ, ಇವತ್ತ ಅದಾರ ಅಂತ ತಿಳಕೊಂಡು ಕೆಲಸಕ್ಕ ಹೋಗತಿದ್ದೆ. ಇವತ್ತ ಬರಲಿಲ್ಲ."

"ಕಳಸಂತ ಹೇಳಿದ್ರವಾ. ನಾ ಕಳಸಲಿಲ್ಲ" ಎಂದೆ.

"ಛಲೋ ಮಾಡಿದ್ರಿ ಕಾಕೂ" ಎಂದಳು. "ಮಣ್ಣ ಯಾವಾಗ? ಫೋನ್ ಹಿಡೀರಿ. ನಾ ಮಣ್ಣಿಗೆ ಬರತೇನಿ."

ಹಾಗೆ ಅವಳು ಅಪ್ಪನ ಮಣ್ಣಿಗೆ ಬಂದಳು. ಮಳೆಯಲ್ಲಿ ಯಾರೋ ನನಗೆ ಕೊಡೆ ಹಿಡಿದರು, ನಾನು ಫೋನು ಹಿಡಿದೆ. ತೆರೆಯ ಮೇಲೆ ಅವಳೊಬ್ಬಳೇ ಇರಲಿಲ್ಲ. ನಿಲ್ದಾಣದ ಎಲ್ಲರೂ ಅವಳ ಹಿಂದೆ ಟೊಪ್ಪಿಗೆ ತೆಗೆದು ನಿಂತಿದ್ದರು. ಅವರ ಅವ್ವನ ಗೋರಿಯ ಪಕ್ಕದಲ್ಲೇ ಕುಣಿ ತೋಡಿದ್ದರು, ಆ ಕರಿ ಕಲ್ಲು ನೆನೆದು ಹೊಳೆಯುತ್ತಿತ್ತು. ಎಲ್ಲರೂ ಒಂದೊಂದು ಹಿಡಿ ಮಣ್ಣು ಹಾಕಿದರು. ನಾನೂ ಹಾಕಿದೆ. ಮತ್ತೆ ಬಗ್ಗಿ ಇನ್ನೊಂದು ಹಿಡಿ ಎತ್ತಿ ಫೋನಿಗೆ ತೋರಿಸಿದೆ. "ಹಾಕ್ರಿ" ಎಂದಳು. ಅದು ಅವಳದು.

ಜನ ಚದುರಿದ ಮೇಲೂ ಅವಳು ಫೋನು ಇಡಲಿಲ್ಲ. ಅಲ್ಲಿಯವರೆಗೆ ಒಂದು ಹನಿ ಕಣ್ಣೀರು ಹಾಕಿರಲಿಲ್ಲ, ನನಗೆ ಅದೇ ಭಯವಾಗಿತ್ತು. ಮನೆಗೆ ಬಂದು ಹಿತ್ತಲಲ್ಲಿ ಕೈ ತೊಳೆಯುತ್ತಿದ್ದಾಗ ನಮ್ಮೂರ ರೂಢಿಯಂತೆ ಕೇಳಿದಳು: "ಕಾಕೂ, ನೀವು ಆರಾಮ ಅದೀರಿಲ್ಲ?"

ಆರಾಮ್ರೀ ಎಂದು ನಾಲಗೆಯ ತುದಿಗೆ ಬಂದಿತ್ತು. ಆ ಹಗ್ಗ ಹಿಡಿದು ನಿಂತೆ.

"ಇಲ್ಲ ಮಗಳ" ಎಂದೆ. "ಆರಾಮ ಇಲ್ಲ. ಮೊಣಕಾಲ ನೋಯಾಕತ್ತಾವು. ಮುಂಜಾನಿಂದ ಹೊಟ್ಟೀಗೆ ಏನೂ ಹಾಕಿಲ್ಲ. ನಿಮ್ಮಪ್ಪನ ಅಡಗಿಮನಿ ಬಾಗಲಾ ಹಾಕೇತಿ, ನನ್ನ ಕೈಲೆ ಅದನ್ನ ನೋಡಾಕ ಆಗವಲ್ದು."

ಆಗ ಅವಳು ಅತ್ತಳು.